ಬಿಸುವಿನಂದು ಹಗಲಿರುಳು ಸಮವೆ?

ಕಾಲವನ್ನು ಅಳೆಯಲು ಮಾನವನಿಗೆ ದೊರೆತ ಮೊದಲ ಸಾಧನ ಬೆಳಕು. ಸೂರ್ಯನ ಬೆಳಕಿನಿಂದ ದಿನವೂ ಋತುವೂ, ಚಂದ್ರನ ಬೆಳಕಿನಿಂದ ಪಕ್ಷವೂ ತಿಂಗಳೂ ಏರ್ಪಟ್ಟವು. ಜಾತ್ರೆ, ಯಾತ್ರೆ, ದೀಪೋತ್ಸವಗಳು ಈ ಎಣಿಕೆಯನ್ನು ಜನರ ನೆನಪಿನಲ್ಲಿ ನಿಲ್ಲಿಸಿದ ಗುರುತುಕಲ್ಲುಗಳು. ಬಂಟ್ವಾಳ, ಬೆಳ್ತಂಗಡಿ, ಮೂಡುಬಿದಿರೆಗಳ ಸೀಮೆಯಲ್ಲಿ ಈ ಎರಡು ಬೆಳಕುಗಳ ಲೆಕ್ಕವೂ ಒಟ್ಟೊಟ್ಟಿಗೆ ನಡೆಯುತ್ತಿರುವುದರಿಂದ, ಪಂಚಾಂಗದ ಮರ್ಮವನ್ನು ತಿಳಿಯಲು ನಾವು ದೂರ ಹೋಗಬೇಕಾಗಿಲ್ಲ.

ಸೂರ್ಯನ ಲೆಕ್ಕ

ತುಳುನಾಡಿನ ತಿಂಗಳುಗಳು ಸೌರಮಾಸಗಳು. ಸೂರ್ಯನು ಒಂದು ರಾಶಿಯಿಂದ ಇನ್ನೊಂದನ್ನು ಪ್ರವೇಶಿಸುವುದೇ ಸಂಕ್ರಮಣ. ಅದರಿಂದ ಹೊಸ ತಿಂಗಳು ಮೊದಲಾಗುವುದು. ಮೇಷ ಸಂಕ್ರಮಣದೊಡನೆ ಪಗ್ಗು ತಿಂಗಳು, ಬಳಿಕ ಬೇಶ್ಯ, ಕಾರ್ತೆಲ್, ಆಟಿ, ಸೋಣ ಎಂದು ಹನ್ನೆರಡು ತಿಂಗಳುಗಳು ಸಾಗುತ್ತವೆ. ಏಪ್ರಿಲ್ 14 ಅಥವಾ 15ರಂದು ಬರುವ ಬಿಸು ವರ್ಷಾರಂಭದ ಹಬ್ಬ. ಬಂಟ್ವಾಳ ತಾಲೂಕಿನ ಪೊಳಲಿಯ ರಾಜರಾಜೇಶ್ವರಿ ದೇವಾಲಯದ ಜಾತ್ರೆ ಮೊದಲಾಗುವುದು ಮೀನ ಸಂಕ್ರಮಣದಂದು. ಇಂಗ್ಲಿಷ್ ಕ್ಯಾಲೆಂಡರಿನಲ್ಲಿ ಅದು ವರ್ಷವರ್ಷವೂ ಮಾರ್ಚ್ ನಡುವಿನಲ್ಲಿಯೇ ಬರುವುದು. ಎರಡು ಕ್ಯಾಲೆಂಡರುಗಳೂ ಸೂರ್ಯನನ್ನೇ ಅನುಸರಿಸುವುದೇ ಇದಕ್ಕೆ ಕಾರಣ.

ಚಂದ್ರನ ಲೆಕ್ಕ

ಬೆಳ್ತಂಗಡಿ ತಾಲೂಕಿನ ಧರ್ಮಸ್ಥಳದ ಲಕ್ಷದೀಪೋತ್ಸವವು ಹಾಗಲ್ಲ. ಅದು ಕಾರ್ತಿಕ ಬಹುಳದ ಕೊನೆಯ ದಿನಗಳಲ್ಲಿ, ಚಂದ್ರನು ಕ್ಷೀಣಿಸಿ ಇರುಳು ಕಪ್ಪಾಗುವ ವೇಳೆಗೆ ನಡೆಯುವುದು. ಅದರ ಮೊದಲ ದಿನ ಉಜಿರೆಯಿಂದ ಭಕ್ತರು ಪಾದಯಾತ್ರೆಯಲ್ಲಿ ಬರುತ್ತಾರೆ. ಮಹಾಶಿವರಾತ್ರಿಯೂ ಅಮಾವಾಸ್ಯೆಯ ಹಿಂದಿನ ತಿಥಿಯೇ ಆದುದರಿಂದ, ಚಾರ್ಮಾಡಿ ಘಾಟಿಯನ್ನು ಇಳಿದು ಧರ್ಮಸ್ಥಳಕ್ಕೆ ನಡೆದು ಬರುವ ಯಾತ್ರಿಕರಿಗೆ ಇರುಳಿನಲ್ಲಿ ಬೆಳದಿಂಗಳ ನೆರವು ಇರುವುದಿಲ್ಲ. ಜೈನಕಾಶಿಯೆಂದು ಹೆಸರಾದ ಮೂಡುಬಿದಿರೆಯಲ್ಲಿ, 1430ರಲ್ಲಿ ಕಟ್ಟಲಾದ ಸಾವಿರ ಕಂಬದ ಬಸದಿಯಿದೆ. ಅಲ್ಲಿಗೆ ಬರುವ ಜೈನ ಯಾತ್ರಿಕರಿಗೆ ದೀಪಾವಳಿಯ ಅಮಾವಾಸ್ಯೆಯು ಮಹಾವೀರರ ನಿರ್ವಾಣದ ದಿನ. ಅದರ ಮರುದಿನ ವೀರನಿರ್ವಾಣ ಶಕೆಯ ಹೊಸ ವರ್ಷ ಮೊದಲಾಗುವುದು. ಈ ಶಕೆಯ ಆರಂಭ ಕ್ರಿ.ಪೂ. 527.

ಒಂದು ಅಮಾವಾಸ್ಯೆಯಿಂದ ಇನ್ನೊಂದಕ್ಕೆ ಸರಾಸರಿ 29.53 ದಿನ. ಹನ್ನೆರಡು ಚಾಂದ್ರಮಾಸಗಳಿಗೆ ಸುಮಾರು 354 ದಿನಗಳಾದವು. ಸೌರವರ್ಷಕ್ಕಿಂತ ಇದು ಸುಮಾರು 11 ದಿನ ಕಡಿಮೆ. ಆದುದರಿಂದಲೇ ಕಾರ್ತಿಕದ ಅಮಾವಾಸ್ಯೆಯು 2021ರಲ್ಲಿ ಡಿಸೆಂಬರ್ 4ರಂದೂ, 2022ರಲ್ಲಿ ನವೆಂಬರ್ 23ರಂದೂ ಬಂದಿತು. ಈ ಓಟ ಹೀಗೆಯೇ ಮುಂದುವರಿದಿದ್ದರೆ 2023ರಲ್ಲಿ ಅದು ನವೆಂಬರ್ 12ರ ಸುಮಾರಿಗೆ ಬರಬೇಕಾಗಿತ್ತು. ಆದರೆ ಬಂದುದು ಡಿಸೆಂಬರ್ 12ರಂದು. ಹಿಂದಕ್ಕೆ ಓಡುತ್ತಿದ್ದ ಹಬ್ಬವನ್ನು ಮುಂದಕ್ಕೆ ತಳ್ಳಿದುದು ಯಾವುದು?

ಎರಡನ್ನೂ ಹೊಂದಿಸುವ ಬಗೆ

ಅದೇ ಅಧಿಕಮಾಸ. ಯಾವ ಚಾಂದ್ರಮಾಸದಲ್ಲಿ ಸೂರ್ಯನ ಸಂಕ್ರಮಣವೇ ಇಲ್ಲವೋ ಅದನ್ನು ಅಧಿಕವೆಂದು ಎಣಿಸುವುದು ನಿಯಮ. 2023ರ ಜುಲೈ 17ರಂದು ಕರ್ಕ ಸಂಕ್ರಮಣವೂ ಆಗಸ್ಟ್ 17ರಂದು ಸಿಂಹ ಸಂಕ್ರಮಣವೂ ಆದವು. ಈ ನಡುವೆ, ಜುಲೈ 18ರಿಂದ ಆಗಸ್ಟ್ 16ರವರೆಗೆ, ಒಂದು ಚಾಂದ್ರಮಾಸವು ಇಡಿಯಾಗಿ ಆಟಿ ತಿಂಗಳ ಒಡಲಲ್ಲಿಯೇ ಅಡಗಿಹೋಯಿತು. ಅದು ಅಧಿಕ ಶ್ರಾವಣವಾಯಿತು. ಮುಂದಿನ ಹಬ್ಬಗಳೆಲ್ಲವೂ ಒಂದು ತಿಂಗಳು ತಡವಾದವು. 19 ಸೌರವರ್ಷಗಳಲ್ಲಿ ಹೆಚ್ಚುಕಡಿಮೆ 235 ಚಾಂದ್ರಮಾಸಗಳಿರುವುದರಿಂದ, ಅಷ್ಟು ಕಾಲದಲ್ಲಿ ಏಳು ಅಧಿಕಮಾಸಗಳು ಬೇಕಾಗುತ್ತವೆ. ಚಂದ್ರನ ಲೆಕ್ಕವನ್ನು ಸೂರ್ಯನ ಲೆಕ್ಕಕ್ಕೆ ಕಟ್ಟಿಹಾಕಿದ ಈ ಯುಕ್ತಿ ಮೆಚ್ಚತಕ್ಕುದೇ ಸರಿ. ಆದರೆ ಸೂರ್ಯನ ಲೆಕ್ಕವನ್ನು ಕಟ್ಟಿದ ಗೂಟವೇ ಅಲುಗುತ್ತಿದ್ದರೆ?

ಹೆಸರಿಗೂ ದಿನಕ್ಕೂ ಬಿದ್ದ ಅಂತರ

ಬಿಸು ಎಂಬ ಮಾತು ಸಂಸ್ಕೃತದ ‘ವಿಷುವ’ದಿಂದ ಬಂದುದು. ಹಗಲೂ ಇರುಳೂ ಸಮವಾಗಿರುವ ದಿನವೆಂದು ಅದರ ಅರ್ಥ. ಆದರೆ ಈಗ ಬಿಸುವಿನಂದು ಮೂಡುಬಿದಿರೆಯಲ್ಲಿ ಹಗಲು ಸುಮಾರು 12 ಗಂಟೆ 25 ನಿಮಿಷಗಳಷ್ಟು ದೀರ್ಘವಾಗಿರುವುದು. ನಿಜವಾದ ವಿಷುವ ದಿನವು ಮಾರ್ಚ್ 20 ಅಥವಾ 21ರಂದೇ ಕಳೆದುಹೋಗಿರುತ್ತದೆ.

ಇದಕ್ಕೆ ಕಾರಣ ಭೂಮಿಯ ಅಕ್ಷದ ಚಲನೆ. ವೇಗ ಕುಂದಿದ ಬುಗುರಿ ತಿರುಗುವಾಗ ಅದರ ತುದಿಯು ಮೆಲ್ಲನೆ ಸುತ್ತುವುದನ್ನು ನೀವು ಕಂಡಿದ್ದೀರಿ. ಸಮಭಾಜಕದಲ್ಲಿ ಉಬ್ಬಿರುವ ಭೂಮಿಯನ್ನು ಸೂರ್ಯಚಂದ್ರರು ಆಕರ್ಷಿಸುವುದರಿಂದ, ಅದರ ಅಕ್ಷವೂ ಸುಮಾರು 25,800 ವರ್ಷಗಳಿಗೊಮ್ಮೆ ಅಂಥದೇ ಒಂದು ಸುತ್ತನ್ನು ಮುಗಿಸುವುದು. ಆದುದರಿಂದ ನಕ್ಷತ್ರಗಳನ್ನು ಗುರುತಾಗಿಟ್ಟು ಅಳೆದ ವರ್ಷವು (365.2564 ದಿನ), ಋತುಗಳನ್ನು ಗುರುತಾಗಿಟ್ಟು ಅಳೆದ ವರ್ಷಕ್ಕಿಂತ (365.2422 ದಿನ) ಸುಮಾರು 20 ನಿಮಿಷ ದೊಡ್ಡದು. ನಮ್ಮ ಸಂಕ್ರಮಣಗಳು ನಕ್ಷತ್ರಗಳನ್ನು ನಂಬಿದವು. ಇಪ್ಪತ್ತು ನಿಮಿಷಗಳು ಕೂಡಿ ಕೂಡಿ ಸುಮಾರು 71 ವರ್ಷಗಳಲ್ಲಿ ಒಂದು ದಿನವಾಗುವುದು. ಮೇಷ ಸಂಕ್ರಮಣವೂ ವಿಷುವವೂ ಸುಮಾರು 1,700 ವರ್ಷಗಳ ಹಿಂದೆ ಒಂದೇ ದಿನ ಬರುತ್ತಿದ್ದವು. ಅಂದಿನಿಂದ ಇಪ್ಪತ್ತನಾಲ್ಕು ದಿನಗಳಷ್ಟು ಅಂತರ ಬೆಳೆದಿದೆ. ಅಧಿಕಮಾಸವನ್ನೂ ಈ ಸಂಕ್ರಮಣಗಳಿಂದಲೇ ನಿರ್ಣಯಿಸುವುದರಿಂದ, ಕಾರ್ತಿಕದ ದೀಪಗಳೂ ಇದೇ ಗತಿಯಲ್ಲಿ ಋತುಗಳಿಂದ ಸರಿಯುತ್ತಿವೆ.

ಸರಿದರೇನು?

ಬೇಶ್ಯ ತಿಂಗಳ ಹತ್ತನೆಯ ದಿನ, ಎಂದರೆ ಮೇ 24ರ ಸುಮಾರಿಗೆ, ಪತ್ತನಾಜೆ. ಅಂದಿಗೆ ನೇಮ, ಜಾತ್ರೆಗಳು ಮುಗಿದು, ಯಕ್ಷಗಾನ ಮೇಳಗಳು ತಿರುಗಾಟವನ್ನು ನಿಲ್ಲಿಸಿ ಗೆಜ್ಜೆ ಬಿಚ್ಚುತ್ತವೆ. ಮಳೆ ಹಿಡಿಯುವ ಮೊದಲು ಬಯಲಿನ ಕಾರ್ಯಗಳನ್ನು ಮುಗಿಸಿ ಗದ್ದೆಯ ಕೆಲಸಕ್ಕೆ ತಿರುಗಲು ಇದು ತಕ್ಕ ಗಡಿ. ಮುಂಗಾರು ನಮ್ಮ ಕರಾವಳಿಗೆ ಸಾಮಾನ್ಯವಾಗಿ ಜೂನ್ ಮೊದಲ ವಾರದಲ್ಲಿ ಬರುವುದು. ಅದು ಋತುವನ್ನು ಅನುಸರಿಸುವುದೇ ಹೊರತು ನಕ್ಷತ್ರಗಳನ್ನಲ್ಲ. ಈಗಿನ ಲೆಕ್ಕ ಹೀಗೆಯೇ ನಡೆದರೆ ಸುಮಾರು 850 ವರ್ಷಗಳಲ್ಲಿ ಪತ್ತನಾಜೆಯು ಜೂನ್ 5ರ ಸುಮಾರಿಗೆ ಬಂದೀತು. ಆಗ ಗೆಜ್ಜೆ ಬಿಚ್ಚುವ ಮೊದಲೇ ಮಳೆ ಸುರಿಯುತ್ತಿರಬಹುದು.

ಈ ತೊಡಕನ್ನು ಬಿಡಿಸಲೆಂದು ಭಾರತ ಸರಕಾರವು 1952ರಲ್ಲಿ ಮೇಘನಾದ ಸಾಹಾ ಅವರ ಅಧ್ಯಕ್ಷತೆಯಲ್ಲಿ ಸಮಿತಿಯೊಂದನ್ನು ನೇಮಿಸಿತು. ಅದರ ಸಲಹೆಯಂತೆ ಋತುಗಳನ್ನು ಅನುಸರಿಸುವ ರಾಷ್ಟ್ರೀಯ ಪಂಚಾಂಗವು 1957ರ ಮಾರ್ಚ್ 22ರಂದು, ಶಕವರ್ಷ 1879ರ ಚೈತ್ರ 1ನೆಯ ದಿನವಾಗಿ ಜಾರಿಗೆ ಬಂದಿತು. ಸರಕಾರದ ಕಾಗದಪತ್ರಗಳಲ್ಲಿ ಅದು ನಿಂತಿತು. ಜಾತ್ರೆಯ ಅಂಗಳಕ್ಕೆ ಬರಲಿಲ್ಲ. ಶತಮಾನಗಳಿಂದ ಒಂದು ಊರು ಕೂಡಿಬಂದ ದಿನವನ್ನು ಗಣಿತವೊಂದೇ ಬದಲಿಸಲಾರದು. ಆದರೆ ಬದಲಿಸುವುದೋ ಬಿಡುವುದೋ ಎಂದು ನಿರ್ಧರಿಸುವವರು, ಯಾವುದು ಎಷ್ಟು ಸರಿದಿದೆಯೆಂಬುದನ್ನಾದರೂ ಅರಿತಿರಬೇಕು.

ಕೋಲಿನ ನೆರಳು

ಇದನ್ನು ವಿದ್ಯಾರ್ಥಿಗಳು ಸ್ವತಃ ಅಳೆದು ನೋಡಬಹುದು. ಒಂದು ಮೀಟರ್ ಉದ್ದದ ಕೋಲನ್ನು ಸಮತಟ್ಟಾದ ನೆಲದಲ್ಲಿ ತೂಕದ ಗುಂಡಿನ ನೆರವಿನಿಂದ ನೆಟ್ಟಗೆ ನಿಲ್ಲಿಸಿರಿ. ಮಧ್ಯಾಹ್ನ ಸುಮಾರು 12 ಗಂಟೆಯಿಂದ 1 ಗಂಟೆಯವರೆಗೆ ಐದೈದು ನಿಮಿಷಗಳಿಗೊಮ್ಮೆ ನೆರಳಿನ ತುದಿಯನ್ನು ಗುರುತಿಸಿ, ಅತಿ ಗಿಡ್ಡ ನೆರಳನ್ನು ಅಳೆಯಿರಿ. ನಿಜವಾದ ವಿಷುವ ದಿನದಂದು ಅದು ಸುಮಾರು 23 ಸೆಂಟಿಮೀಟರ್ ಇರುವುದು. ಬಿಸುವಿನಂದು ಸುಮಾರು 6 ಸೆಂಟಿಮೀಟರ್ ಮಾತ್ರ. ಏಪ್ರಿಲ್ 24ರ ಸುಮಾರಿಗೆ ಸೂರ್ಯನು ನಮ್ಮ ನೆತ್ತಿಯ ಮೇಲೆಯೇ ಬರುವುದರಿಂದ ನೆರಳು ಕೋಲಿನ ಬುಡದಲ್ಲಿ ಮಾಯವಾಗುವುದು. 23ಕ್ಕೂ 6ಕ್ಕೂ ಇರುವ ಆ ಹದಿನೇಳು ಸೆಂಟಿಮೀಟರುಗಳೇ, 1,700 ವರ್ಷಗಳಲ್ಲಿ ನಮ್ಮ ಬಿಸು ಋತುವಿನಿಂದ ಸರಿದ ದೂರ.