ಕತ್ತರಿ ಹಿಡಿದ ಕಲಾವಿದೆ

ಚಲನಚಿತ್ರದ ಸಂಕಲನಕಾರನು ಛಾಯಾಗ್ರಾಹಕನು ತೆಗೆದುಕೊಟ್ಟ ಫಿಲ್ಮನ್ನು ಕತ್ತರಿಸಿ ಜೋಡಿಸುತ್ತಿದ್ದನು. ಜರ್ಮನಿಯ ಲೊಟೆ ರೈನಿಗರ್‌ಳ ಕತ್ತರಿ ಅದಕ್ಕೂ ಬಹಳ ಮೊದಲೇ ಕೆಲಸಕ್ಕೆ ತೊಡಗುತ್ತಿತ್ತು. ನಟನಟಿಯರು, ಗಿಡಮರಗಳು, ಅರಮನೆ, ಹಕ್ಕಿಗಳು ಎಲ್ಲವೂ ಕಪ್ಪು ಕಾಗದದಿಂದ ಹುಟ್ಟಿ ಬರುತ್ತಿದ್ದವು.

ಲೊಟೆ 1899ರ ಜೂನ್ 2ರಂದು ಬರ್ಲಿನ್ ಬಳಿಯ ಷಾರ್ಲೊಟೆನ್‌ಬುರ್ಗ್‌ನಲ್ಲಿ ಜನಿಸಿದಳು. ಬಾಲ್ಯದಲ್ಲಿಯೇ ನೆರಳಾಟದ ಪುಟ್ಟ ರಂಗಮಂಚವೊಂದನ್ನು ಕಟ್ಟಿ, ಮನೆಯವರ ಮುಂದೆ ಷೇಕ್ಸ್‌ಪಿಯರನ ನಾಟಕಗಳನ್ನು ಆಡಿಸುತ್ತಿದ್ದಳು. ಮುಂದೆ ಮ್ಯಾಕ್ಸ್ ರೈನ್‌ಹಾರ್ಟ್‌ನ ನಾಟಕಶಾಲೆಯನ್ನು ಸೇರಿ, ತೆರೆಯ ಮರೆಯಲ್ಲಿ ನಿಂತು ನಟರ ನೆರಳುಚಿತ್ರಗಳನ್ನು ಕತ್ತರಿಸತೊಡಗಿದಳು. ಇದನ್ನು ಮೆಚ್ಚಿದ ನಟ ಪಾಲ್ ವೇಗೆನರ್, 1918ರಲ್ಲಿ ಹ್ಯಾಮೆಲಿನ್ ಪಟ್ಟಣದ ಇಲಿಗಳ ಕಥೆಯನ್ನು ಚಿತ್ರವಾಗಿಸುವಾಗ ಆಕೆಗೆ ಕೆಲಸ ಕೊಟ್ಟನು. ಕುವೆಂಪು ಅವರ ಕಿಂದರಿಜೋಗಿಯ ಮೂಲಕ ನಮ್ಮ ಮಕ್ಕಳಿಗೆ ಪರಿಚಿತವಾಗಿರುವ ಕಥೆಯೇ ಅದು. ನಿಜವಾದ ಪ್ರಾಣಿಗಳು ಹೇಳಿದಂತೆ ಕೇಳಲಿಲ್ಲ. ಮರದ ಇಲಿಗಳನ್ನು ಇಷ್ಟಿಷ್ಟೇ ಸರಿಸಿ ಒಂದೊಂದೇ ಚಿತ್ರ ತೆಗೆಯಬೇಕಾಯಿತು. ಲೊಟೆಗೆ ಅದೇ ಪಾಠವಾಯಿತು.

ಆಕೆಯ ವಿಧಾನ ಸರಳ, ಆದರೆ ಅಪಾರ ತಾಳ್ಮೆಯನ್ನು ಬೇಡುವಂಥದು. ಬಲಗೈಯ ಕತ್ತರಿಯನ್ನು ಅಲುಗಿಸದೆ, ಎಡಗೈಯಿಂದ ಕಾಗದವನ್ನೇ ತಿರುಗಿಸುತ್ತ ಕತ್ತರಿಸುವಳು. ಬೊಂಬೆಯ ತಲೆ, ತೋಳು, ಮೊಣಕಾಲುಗಳನ್ನು ಬೇರೆಬೇರೆಯಾಗಿ ತೆಗೆದು ಸಣ್ಣ ತಂತಿಯಿಂದ ಕೀಲುಗೂಡಿಸುವಳು. ಕೆಳಗಿನಿಂದ ಬೆಳಕು ಬೀಳುವ ಗಾಜಿನ ಮೇಜಿನ ಮೇಲೆ ಬೊಂಬೆ ಮಲಗಿರುತ್ತದೆ. ಮೇಲೆ ಕ್ಯಾಮರಾ ತೂಗಿರುತ್ತದೆ. ಬೊಂಬೆಯನ್ನು ಕೂದಲೆಳೆಯಷ್ಟು ಸರಿಸಿ ಒಂದು ಚಿತ್ರ, ಮತ್ತೆ ಸರಿಸಿ ಇನ್ನೊಂದು.

ಹೀಗೆ ಮೂರು ವರ್ಷ ದುಡಿದು 1926ರಲ್ಲಿ 'ರಾಜಕುಮಾರ ಅಹಮದನ ಸಾಹಸಗಳು' ಎಂಬ ಪೂರ್ಣಾವಧಿಯ ಚಿತ್ರವನ್ನು ಆಕೆ ಮುಗಿಸಿದಳು. ಲೂಯಿ ಹಾಗೆನ್ ಎಂಬ ಬ್ಯಾಂಕಿನ ಧಣಿ ಹಣ ಕೊಟ್ಟನು. ಪಾಟ್ಸ್‌ಡಾಮ್‌ನಲ್ಲಿದ್ದ ಅವನ ಮೋಟಾರುಖಾನೆಯ ಅಟ್ಟವೇ ಕಾರ್ಯಾಗಾರವಾಯಿತು. ಪತಿ ಕಾರ್ಲ್ ಕಾಖ್ ಕ್ಯಾಮರಾದ ಹೊಣೆ ಹೊತ್ತಿದ್ದನು.

ಮಾತಿನ ಚಿತ್ರಗಳು ಬಂದ ಮೇಲೆ ಲೊಟೆಯ ಸಂಗೀತಪ್ರೀತಿಗೆ ದಾರಿ ತೆರೆಯಿತು. ಆಪೆರಾ ಎಂದರೆ ಮಾತಿನ ಬಹುಭಾಗ ಹಾಡಾಗಿರುವ ಗೀತನಾಟಕ. ಅದನ್ನು ತೆರೆಗೆ ತರುವವರಿಗೆ ದೊಡ್ಡ ತೊಡಕೊಂದಿದೆ: ರಂಗದ ಮೇಲೆ ದೂರದಿಂದ ಸೊಗಸಾಗಿ ಕಾಣುವ ಗಾಯಕನ ತೆರೆದ ಬಾಯಿ ಹತ್ತಿರದಿಂದ ನಗೆ ತರಿಸಬಹುದು. ನೆರಳಿಗೆ ಈ ಕಷ್ಟವಿಲ್ಲ. ಅದು ಕೊರಳು, ಬೆರಳು, ನಡಿಗೆಗಳಿಂದಲೇ ಹಾಡಬೇಕು. 1933ರಲ್ಲಿ 'ಕಾರ್ಮೆನ್', 1935ರಲ್ಲಿ ಮೋಟ್ಸಾರ್ಟನ 'ಮಾಯಾಕೊಳಲು' ಗೀತನಾಟಕವನ್ನು ಆಧರಿಸಿದ 'ಪಾಪಗೇನೊ' ಹೀಗೆ ಮೂಡಿದವು. ಎರಡನೆಯದರ ಅವಧಿ ಸುಮಾರು 11 ನಿಮಿಷ. ಸೆಕೆಂಡಿಗೆ 24ರಂತೆ ಲೆಕ್ಕ ಹಾಕಿದರೆ ಹದಿನೈದು ಸಾವಿರಕ್ಕೂ ಹೆಚ್ಚು ಚಿತ್ರಗಳು! ಹಾಡಿನ ಸ್ವರಗಳನ್ನು ಮೊದಲೇ ಅಳೆದು, ಹಕ್ಕಿಗಾರ ಪಾಪಗೇನೊ ಯಾವ ಸ್ವರಕ್ಕೆ ತಲೆ ಎತ್ತಬೇಕು, ಯಾವುದಕ್ಕೆ ಗಂಟೆ ನುಡಿಸಬೇಕು ಎಂಬುದನ್ನು ನಿಶ್ಚಯಿಸಬೇಕಾಗಿತ್ತು. ಚಿತ್ರವನ್ನು ನೋಡುವಾಗ ಈ ಲೆಕ್ಕಾಚಾರದ ಸುಳಿವೂ ಸಿಗುವುದಿಲ್ಲ.

ಅಷ್ಟರಲ್ಲಿ ಜರ್ಮನಿ ಹಿಟ್ಲರನ ವಶವಾಗಿತ್ತು. ಲೊಟೆಯ ಸ್ನೇಹಿತರಲ್ಲಿ ಅನೇಕರು ಯೆಹೂದ್ಯರು; ಆ ಆಡಳಿತದಡಿ ಬಾಳಲು ದಂಪತಿಗಳಿಗೆ ಮನಸ್ಸಿರಲಿಲ್ಲ. ನಾಡು ಬಿಟ್ಟರು, ಆದರೆ ನೆಲೆ ನಿಲ್ಲಲು ಯಾವ ದೇಶವೂ ಶಾಶ್ವತ ಅನುಮತಿ ಕೊಡಲಿಲ್ಲ. ರಹದಾರಿಯ ಅವಧಿ ಮುಗಿದಂತೆ ಊರೂರು ಅಲೆದರು. ಇಟಲಿಯಲ್ಲಿ ಜಾನ್ ರೆನ್ವಾರ್ ಆರಂಭಿಸಿ ಬಿಟ್ಟುಹೋದ 'ತೋಸ್ಕಾ' ಚಿತ್ರವನ್ನು ಕಾಖ್ ಪೂರ್ತಿಗೊಳಿಸಿದನು. ಅದು 1941ರಲ್ಲಿ ತೆರೆ ಕಂಡಿತು. ಯುದ್ಧದ ನಡುವೆ ರೋಗಿಯಾದ ತಾಯಿಯ ಆರೈಕೆಗಾಗಿ ಲೊಟೆ ಬರ್ಲಿನ್ನಿಗೆ ಮರಳಲೇಬೇಕಾಯಿತು. 1945ರ ಕಾಳಗದಲ್ಲಿ ಆಕೆಯ 'ಅಹಮದ'ನ ಮೂಲ ನೆಗೆಟಿವ್ ನಾಶವಾಯಿತು. ಬ್ರಿಟನ್ನಿನಲ್ಲಿ ಪ್ರತಿಯೊಂದು ಉಳಿದಿತ್ತು. ಆ ಚಿತ್ರದ ಜೀರ್ಣೋದ್ಧಾರ 1999ರಲ್ಲಿ ಪೂರ್ಣಗೊಂಡಿತು.

1949ರಲ್ಲಿ ಲಂಡನ್ನಿಗೆ ಬಂದ ಲೊಟೆ, ಹಾಗೆನ್‌ನ ಮಗನ ನೆರವಿನಿಂದ ದೂರದರ್ಶನಕ್ಕಾಗಿ ಹನ್ನೆರಡಕ್ಕೂ ಹೆಚ್ಚು ಕಿನ್ನರಕಥೆಗಳನ್ನು ಚಿತ್ರಿಸಿದಳು. 1963ರಲ್ಲಿ ಪತಿ ತೀರಿಕೊಂಡ ಬಳಿಕ ಹಲವು ವರ್ಷ ಆಕೆ ಚಿತ್ರ ತೆಗೆಯಲಿಲ್ಲ. ಕೆನಡಾದ ಆಹ್ವಾನ ಬಂದಾಗ ಎಪ್ಪತ್ತು ದಾಟಿದ ವಯಸ್ಸಿನಲ್ಲಿ ಮತ್ತೆ ಗಾಜಿನ ಮೇಜಿನೆದುರು ನಿಂತು, 1975ರಲ್ಲಿ 'ಓಕಾಸಾನ್ ಮತ್ತು ನಿಕೊಲೆಟ್' ಚಿತ್ರವನ್ನು ಮುಗಿಸಿದಳು. 1979ರಲ್ಲಿ ಇನ್ನೊಂದು ಚಿತ್ರ ಬಂದಿತು. 1981ರ ಜೂನ್ 19ರಂದು ಜರ್ಮನಿಯ ಡೆಟೆನ್‌ಹೌಸೆನ್ ಎಂಬ ಊರಿನಲ್ಲಿ ಲೊಟೆ ನಿಧನಳಾದಳು.