ಹೊಲ ಒಬ್ಬರದು, ಗಾಳಿ ಎಲ್ಲರದು

ಕಳೆದ ವರ್ಷ ದಸರೆಯ ಹೊತ್ತಿನಲ್ಲಿ ನಮ್ಮ ಚಿಕಿತ್ಸಾಲಯಕ್ಕೆ ಒಂದೇ ದಿನ ಇಬ್ಬರು ಬಂದರು. ಮೊದಲನೆಯವರು ಮೆಣಸಿನಕಾಯಿ ಬೆಳೆಯುವ ರೈತರು; ಹಿಂದಿನ ದಿನ ಔಷಧಿ ಹೊಡೆದಾಗಿನಿಂದ ತಲೆನೋವು, ಓಕರಿಕೆ. ಎರಡನೆಯವರು ಆ ಹೊಲಕ್ಕೆ ಹತ್ತಿದ ಮನೆಯ ತಾಯಿ. ಮಗುವಿಗೆ ಕಣ್ಣುರಿ, ಬಿಡದ ಕೆಮ್ಮು. “ಎಣ್ಣಿ ಹೊಡೀದಿದ್ರ ಬೆಳಿ ಕೈಗೆ ಹತ್ತೂದಿಲ್ರಿ, ಸಾಲ ಹ್ಯಾಂಗ ತೀರಿಸೂದು?” ಎಂದರು ರೈತರು. “ಹೊಲ ಅವರದು ಖರೆ, ಗಾಳಿ ನಮ್ಮದೂ ಹೌದಲ್ರಿ?” ಎಂದರು ತಾಯಿ. ಎರಡೂ ಮಾತು ಸತ್ಯವೇ. ಹಾಗಾದರೆ ನ್ಯಾಯ ಎಲ್ಲಿದೆ?

ಚರಕಸಂಹಿತೆಯ ವಿಮಾನಸ್ಥಾನದಲ್ಲಿ ‘ಜನಪದೋದ್ಧ್ವಂಸ’ ಎಂಬ ವಿಚಾರವಿದೆ. ಜನರ ಪ್ರಕೃತಿ, ಆಹಾರ, ಬಲ, ವಯಸ್ಸು ಬೇರೆ ಬೇರೆ ಆಗಿದ್ದರೂ ವಾಯು, ಜಲ, ದೇಶ, ಕಾಲ ಈ ನಾಲ್ಕೂ ಎಲ್ಲರಿಗೂ ಸಮಾನವಾದವು. ಅವು ಕೆಟ್ಟರೆ ಇಡೀ ಜನಪದವೇ ರೋಗಕ್ಕೆ ತುತ್ತಾಗುತ್ತದೆ ಎಂಬುದು ಆಚಾರ್ಯರ ಅಭಿಪ್ರಾಯ. ದೇಹದಲ್ಲಿ ಉಳಿದುಕೊಂಡು ನಿಧಾನವಾಗಿ ಧಾತುಗಳನ್ನು ಕೆಡಿಸುವ ವಿಷವನ್ನು ಶಾಸ್ತ್ರವು ‘ದೂಷೀವಿಷ’ ಎಂದು ಕರೆದಿದೆ. ನಾವು ಬೆಳೆಗೆ ಹೊಡೆಯುವುದನ್ನು ‘ಔಷಧಿ’ ಎಂದು ಕರೆದು ಅದು ವಿಷವೆಂಬುದನ್ನೇ ಮರೆತಿದ್ದೇವೆ.

ಕಾಸರಗೋಡಿನ ಉದಾಹರಣೆ ನಮ್ಮ ಕಣ್ಣ ಮುಂದಿದೆ. ಅಲ್ಲಿನ ಗುಡ್ಡಗಳ ಗೇರುತೋಟಗಳಿಗೆ 1970ರ ದಶಕದ ಕೊನೆಯಿಂದ 2000ದವರೆಗೆ ಹೆಲಿಕಾಪ್ಟರಿನಿಂದ ಎಂಡೋಸಲ್ಫಾನ್ ಸಿಂಪಡಿಸಲಾಯಿತು. ಗುಡ್ಡದ ಬುಡದಲ್ಲಿದ್ದ ಪಡ್ರೆಯಂತಹ ಕನ್ನಡಿಗರ ಹಳ್ಳಿಗಳಲ್ಲಿಯೂ, ನಮ್ಮ ದಕ್ಷಿಣ ಕನ್ನಡದ ಕೊಕ್ಕಡದ ಸುತ್ತಲೂ ಅಂಗವೈಕಲ್ಯ, ಬುದ್ಧಿಮಾಂದ್ಯ, ಚರ್ಮರೋಗಗಳಿಂದ ಬಳಲುವವರ ಸಂಖ್ಯೆ ಹೆಚ್ಚಿತೆಂದು ಜನ ದನಿಯೆತ್ತಿದರು. ಕಾರಣದ ಕುರಿತು ಬಹುಕಾಲ ವಾದವಿವಾದ ನಡೆಯಿತು. 2011ರ ಮೇ ತಿಂಗಳಲ್ಲಿ ಸರ್ವೋಚ್ಚ ನ್ಯಾಯಾಲಯವು ಈ ವಿಷದ ತಯಾರಿಕೆ, ಮಾರಾಟಗಳನ್ನು ದೇಶದಾದ್ಯಂತ ತಡೆಯಿತು. 2017ರಲ್ಲಿ ಕೇರಳದ ಸಂತ್ರಸ್ತರಿಗೆ ತಲಾ 5 ಲಕ್ಷ ರೂಪಾಯಿ ಪರಿಹಾರ ನೀಡುವಂತೆ ಆದೇಶಿಸಿತು. ಅಲ್ಲಿ ವಿಷ ಸುರಿಸಿದವರು ಬಡ ರೈತರಲ್ಲ, ಸರ್ಕಾರದ ತೋಟಗಾರಿಕಾ ನಿಗಮ. ಆದರೆ ಎಂಡೋಸಲ್ಫಾನ್ ನಿಂತಾಗ ಅಗ್ಗದ ಕೀಟನಾಶಕವನ್ನು ಕಳೆದುಕೊಂಡವರಲ್ಲಿ ಸಣ್ಣ ರೈತರೂ ಇದ್ದರು. ಆದ್ದರಿಂದ ನಿಷೇಧವೊಂದೇ ಸಾಲದು. ಬದಲಿ ದಾರಿಯನ್ನು ತೋರಿಸುವುದೂ ಸಮಾಜದ ಹೊಣೆ.

ಇಲ್ಲಿ ನಾವು ಮರೆಯಬಾರದ ಸಂಗತಿಯೊಂದಿದೆ. ವಿಷದ ಮೊದಲ ರೋಗಿ ರೈತನೇ. ಪಕ್ಕದ ಮನೆಗೆ ಹನಿ ತಲುಪುವ ಮುನ್ನ ಅದು ಅವನ ಉಸಿರನ್ನೂ ಚರ್ಮವನ್ನೂ ಹೊಕ್ಕಿರುತ್ತದೆ. ಆದಕಾರಣ ರೈತನ ಹಕ್ಕು ಮತ್ತು ಊರಿನ ಆರೋಗ್ಯ ಒಂದಕ್ಕೊಂದು ವಿರೋಧಿಗಳಲ್ಲ.

ರೈತಬಾಂಧವರು ಪಾಲಿಸಬೇಕಾದುದು ಇಷ್ಟು. ಡಬ್ಬಿಯ ಮೇಲಿನ ತ್ರಿಕೋನದ ಬಣ್ಣವನ್ನು ನೋಡಿರಿ: ಕೆಂಪು ಅತ್ಯಂತ ಘೋರ ವಿಷ, ಹಳದಿ ತೀವ್ರ ವಿಷ, ನೀಲಿ ಮಧ್ಯಮ, ಹಸಿರು ಸೌಮ್ಯ. ಹಸಿರೆಂದರೂ ವಿಷವೇ. ಗಾಳಿ ಬೀಸುವಾಗ ಸಿಂಪಡಿಸಬೇಡಿರಿ. ಹಿಂದಿನ ದಿನವೇ ನೆರೆಯವರಿಗೆ ತಿಳಿಸಿರಿ. ಬಾವಿ, ಕೆರೆ, ಶಾಲೆಗಳ ಬದಿಯಲ್ಲಿ ಒಂದಷ್ಟು ಅಂತರ ಬಿಡಿರಿ. ತುಂಬುತೋಳಿನ ಅಂಗಿ, ಕೈಗವಸು, ಮುಖಗವಸು ಇರಲಿ. ಹೂ ಬಿಟ್ಟ ಬೆಳೆಗೆ ಜೇನು ಹಾರಾಡುವ ಹೊತ್ತಿನಲ್ಲಿ ಸಿಂಪಡಣೆ ಬೇಡ. ಡಬ್ಬಿಯ ಮೇಲೆ ಹೇಳಿದಷ್ಟು ದಿನ ಕಳೆಯದೆ ಕೊಯ್ಲು ಮಾಡಬೇಡಿರಿ. ಖಾಲಿ ಡಬ್ಬಿಯನ್ನು ಮನೆಬಳಕೆಗೆ ತರಲೇಬೇಡಿರಿ. ಕೀಟದ ಕಾಟ ಆರಂಭದಲ್ಲಿರುವಾಗ 5 ಕೆ.ಜಿ. ಬೇವಿನ ಬೀಜದ ತಿರುಳನ್ನು ಕುಟ್ಟಿ, ರಾತ್ರಿ ನೀರಿನಲ್ಲಿ ನೆನೆಸಿ ಸೋಸಿ, 100 ಲೀಟರಿಗೆ ಸರಿಮಾಡಿಕೊಂಡು ಸಿಂಪಡಿಸಬಹುದು. ಹೆಚ್ಚಿನ ಮಾಹಿತಿಗೆ ರೈತ ಸಂಪರ್ಕ ಕೇಂದ್ರವನ್ನು ಕೇಳಿರಿ.

ಒಂದು ಎಚ್ಚರಿಕೆ. ಸಿಂಪಡಣೆಯ ನಂತರ ಮಿತಿಮೀರಿದ ಬೆವರು, ಜೊಲ್ಲು, ವಾಂತಿ, ಕಣ್ಣು ಮಂಜು, ಸ್ನಾಯುಗಳ ಅದುರು, ಉಸಿರಾಟದ ಕಷ್ಟ ಕಂಡರೆ ಮನೆಮದ್ದು ಮಾಡುತ್ತ ಕೂರಬೇಡಿರಿ. ನಮ್ಮ ಕಷಾಯಕ್ಕೂ ಕಾಯಬೇಡಿರಿ. ಬಟ್ಟೆ ಕಳಚಿ, ಸಾಬೂನಿನಿಂದ ಮೈ ತೊಳೆದು, ಡಬ್ಬಿಯ ಸಮೇತ ಕೂಡಲೇ ಆಸ್ಪತ್ರೆಗೆ ಒಯ್ಯಿರಿ. ಬಲವಂತವಾಗಿ ವಾಂತಿ ಮಾಡಿಸುವುದು, ಹಾಲು ಕುಡಿಸುವುದು ಸಲ್ಲದು. ಯಾವ ವಿಷವೆಂದು ತಿಳಿದರೆ ಅಲ್ಲಿನ ವೈದ್ಯರಿಗೆ ಜೀವ ಉಳಿಸುವುದು ಸುಲಭ.

ಕೊನೆಯದಾಗಿ, ಕೊಳ್ಳುವವರಿಗೂ ಒಂದು ಮಾತು. ಹುಳುವಿನ ಗುರುತೂ ಇಲ್ಲದ ಬದನೆಕಾಯಿಯನ್ನೇ ಆರಿಸುವ ನಮ್ಮ ಕೈಯೂ ಆ ಸಿಂಪಡಣೆಯ ಕೊಳವೆಯನ್ನು ಹಿಡಿದಿದೆ. ಕಡಿಮೆ ವಿಷದಿಂದ ಬೆಳೆದವರಿಗೆ ಒಂದೆರಡು ರೂಪಾಯಿ ಹೆಚ್ಚು ಕೊಡುವುದು ಉಪಕಾರವಲ್ಲ, ನಮ್ಮದೇ ಆರೋಗ್ಯದ ಬೆಲೆ. ಅನ್ನ ಬೆಳೆಯುವುದು ದೊಡ್ಡ ಕಾಯಕ. ಅದನ್ನು ಮಾಡುವವರೂ ಉಣ್ಣುವವರೂ ಆರೋಗ್ಯದಿಂದಿದ್ದರೆ ಮಾತ್ರ ಅದು ಪೂರ್ಣವಾದೀತು.

ಆ ರೈತರು ಈಗ ಸಿಂಪಡಣೆಯ ಹಿಂದಿನ ಸಂಜೆ ಪಕ್ಕದ ಮನೆಗೆ ಹೋಗಿ ಹೇಳಿ ಬರುತ್ತಾರೆ. ಅಂದು ಆ ತಾಯಿ ಕಿಟಕಿ ಮುಚ್ಚಿ, ನೀರಿನ ಕೊಡಗಳನ್ನು ಒಳಗಿಟ್ಟು, ಮಗುವನ್ನು ಅಜ್ಜಿಯ ಮನೆಗೆ ಕಳಿಸುತ್ತಾರೆ. ಇದು ಪೂರ್ಣ ಪರಿಹಾರವಲ್ಲ. ಆದರೆ ಜಗಳವಿದ್ದ ಕಡೆ ಮಾತು ಆರಂಭವಾಗಿದೆ.