ಮೊದಲು ಬಾಯಿಲೆ ಬಾರಿಸು

ಮಗಳ, ಬೆಂಗಳೂರಿಂದ ಜೆಂಬೆ ಡೋಲು ತಂದೀಯಂತ. ಇನ್ನ ಕಹೋನ್, ಊಡು, ದರ್ಬೂಕಾ ಅಂತ ಪಟ್ಟಿ ಬೆಳಿಯಾಕ ಹತ್ತೇತಿ ಅಂತ ನಿಮ್ಮವ್ವ ಹೇಳಿದ್ಲು. ಅಕೀಗೆ ಮನಿಯಾಗಿನ ಜಾಗದ ಚಿಂತಿ. ನಂದು ಬ್ಯಾರೆ.

ತಬಲಾ ಬಿಟ್ಟು ಆ ಕಡೆ ಈ ಕಡೆ ನೋಡಬ್ಯಾಡ ಅನ್ನೋ ಪೈಕಿ ನಾ ಅಲ್ಲ. ಗದಗಿನ ವೀರೇಶ್ವರ ಪುಣ್ಯಾಶ್ರಮದಾಗ ಪುಟ್ಟರಾಜ ಗವಾಯಿಗಳು ಹಾಡೋರು, ಮತ್ತ ಹಾರ್ಮೋನಿಯಂ, ತಬಲಾ, ವಾಯೊಲಿನ್, ಸಾರಂಗಿನೂ ನುಡಿಸೋರು. ಅವರ ಗುರು ಪಂಚಾಕ್ಷರಿ ಗವಾಯಿಗಳು ಕರ್ನಾಟಕಿ, ಹಿಂದೂಸ್ತಾನಿ ಎರಡೂ ಕಲ್ತವರು. ಅಂಥಾ ನೆಲದಾಗ ಹುಟ್ಟಿದಾಕೀಗೆ ಒಂದ ವಾದ್ಯಕ್ಕ ಅಂಟಿಕೊಂಡು ಕುಂದರು ಅಂದ್ರ ಮಂದಿ ನಕ್ಕಾರು. ಆದ್ರ ಆ ಇಬ್ಬರದೂ ಒಂದು ರೀತಿ ನೋಡು. ತಾವೂ ಕಣ್ಣಿಲ್ಲದವರು, ಕಲಿಯಾಕ ಬಂದ ಹುಡುಗರೊಳಗೂ ಭಾಳ ಮಂದಿ ಕಣ್ಣಿಲ್ಲದವರು. ಅಲ್ಲಿ ‘ಹಿಂಗ ನೋಡಿ ಬಾರಿಸು’ ಅನ್ನಾಕ ಬರೂದಿಲ್ಲ. ಬೋಲು ಬಾಯಿಲೆ ಹೇಳಬೇಕು, ಹೇಳಿಸಬೇಕು, ಕೈ ಹಿಡಿದು ತೋರಸಬೇಕು. ಮೊಬೈಲ್‌ನಾಗ ವಿಡಿಯೊ ನೋಡಿ ಜೆಂಬೆ ಕಲಿಯಾಕ ಕುಂತ ನಿಂಗ ಇದನ್ನ ಹೇಳಬೇಕಂತ ಭಾಳ ದಿನದಿಂದ ಇತ್ತು.

ಯಾವ ದೇಶದ ವಾದ್ಯ ಇರವಲ್ದ್ಯಾಕ, ಕೈ ಇಡೂಕಿಂತ ಮೊದಲ ಅದರ ಬಾಯಿಮಾತು ಕಲಿ. ಧಾ ಧಿಂ ಧಿಂ ಧಾ ಅನ್ನೂದು ನಮಗಷ್ಟ ಗೊತ್ತು ಅಂತ ತಿಳಕೋಬ್ಯಾಡ. ನೈಜೀರಿಯಾದ ಬಾಬಾಟುಂಡೆ ಓಲಾಟುಂಜಿ ಅಮೆರಿಕದಾಗ ಕಲಿಸುವಾಗ ನಡುವಿನ ದಪ್ಪ ಪೆಟ್ಟಿಗೆ ‘ಗುನ್’, ಅಂಚಿನ ತೆರದ ಪೆಟ್ಟಿಗೆ ‘ಗೋ ದೋ’, ಚುರುಕ್ ಅನ್ನೋ ಪೆಟ್ಟಿಗೆ ‘ಪಾ ತಾ’ ಅಂತ ಹೇಳಿಕೊಡತಿದ್ರು. ಜಪಾನಿನ ತೈಕೋದವರೂ ‘ಡೋನ್’, ‘ಕಾ’ ಅಂತ ಬಾಯಿಪಾಠ ಮಾಡೇ ಕೋಲು ಹಿಡಿತಾರ.

ಬೆಂಗಳೂರಾಗ ಟಿ.ಎ.ಎಸ್. ಮಣಿ ಅಂತ ಮೃದಂಗದವರಿದ್ರು. 1964ರಾಗ ಕರ್ನಾಟಕ ಕಾಲೇಜ್ ಆಫ್ ಪರ್ಕಶನ್ ಅಂತ ಶಾಲಿ ತಗದ್ರು. ಮೊದಲ ಶಾಲಿ, ಆಮ್ಯಾಲ ಯುರೋಪು. ಅಮೆರಿಕದ ಸ್ಯಾಕ್ಸೊಫೋನ್ ವಾದಕ ಚಾರ್ಲಿ ಮರಿಯಾನೋ ಜೋಡಿ ಅವರ ತಂಡ ಮಾಡಿದ ‘ಜ್ಯೋತಿ’ 1983ರಾಗ ಜರ್ಮನಿಯ ಇಸಿಎಂ ಕಂಪನಿಯಿಂದ ಬಂತು. ಹುಡುಕಿ ಕೇಳು. ಜಾಝ್‌ನವನ ಜೋಡಿ ಕುಂತೀವಂತ ಮಣಿಯವರು ಮೃದಂಗದ ನಡಿಗಿ ಬಿಡಲಿಲ್ಲ. ಅವರ ಹೆಂಡತಿ ಆರ್.ಎ. ರಮಾಮಣಿಯವರ ಹಾಡಿಕಿ, ಬಾಯಿಲೆ ಬೋಲು ಹೇಳೂ ಕೊನ್ನಕ್ಕೋಲು ಅದರ ಬೆನ್ನಿಗಿತ್ತು. ಅದ ಶಾಲ್ಯಾಗ ತವಿಲ್ ಕಲ್ತ ರಮೇಶ್ ಶೋತಂ ಮೊದಲ ರಾಕ್ ಬ್ಯಾಂಡಿನಾಗ ಡ್ರಮ್ಸ್ ಬಾರಿಸತಿದ್ದವರು. ತವಿಲ್ ಕಲ್ತ ಮ್ಯಾಲ ಜರ್ಮನಿಯ ಕಲೋನ್ ಊರಾಗ ನೆಲಿಸಿ ಹೆಸರು ಮಾಡಿದ್ರು. ಪರದೇಶದವರಿಗೆ ಪರದೇಶದ ಬಾಜಾ ಬಾರಿಸಿ ತೋರಸೂದರಾಗ ಏನ ಬಂತು? ಅವರು ಕೇಳೂದು ನಿನ್ನ ಹತ್ರ ಏನೈತಿ ಅಂತ.

ಲೆಕ್ಕದ ಮಾತಿಗೆ ಬಂದ್ರ ನಮ್ಮೂರಿನ ದೊಡ್ಡಬಸಪ್ಪನ ಗುಡೀನ ನಿಂಗ ಪಾಠದ ಪುಸ್ತಕ. ಬ್ಯಾರೆ ಊರವರು ಅದರ ಫೋಟೊ ತಕ್ಕೊಂಡು ಹೋಗತಾರ, ನಾವು ಎಣಸೂದಿಲ್ಲ. ಒಂದ ಚೌಕಾನ 15 ಡಿಗ್ರಿಯಂಗ ತಿರಗಿಸಿಕೋತ ಹೋಗಿ ಆರು ಚೌಕ ಬರದ್ರ 24 ಮೂಲಿ ಏಳತಾವ; ಗರ್ಭಗುಡಿಯ ಹೊರಗೋಡಿದು ಅದ ನಕ್ಷೆ. ಗುಡಿ ಸುತ್ತ ಎಣಿಸಿದ್ರ ಮಂಟಪ ಕೂಡೂ ಕಡೆ ಮೂಲಿ ಮುಚ್ಚಿ ಹೋಗ್ಯಾವ, ಅದಕ್ಕ ಕಾಗದದ ಮ್ಯಾಲ ಬರಕೋ. ಒಂದ ಮೂಲಿಗೆ ಒಂದ ಮಾತ್ರಾ. ಎಡಗೈಲೆ ಮೂರಕ್ಕೊಂದು, ಬಲಗೈಲೆ ನಾಕಕ್ಕೊಂದು ತೊಡಿ ತಟ್ಟು. 12ಕ್ಕೊಮ್ಮೆ ಎರಡೂ ಕೈ ಕೂಡತಾವ, ಇಡೀ ಸುತ್ತಿಗೆ ಎರಡ ಸಲ. ಬಾಯಿಲೆ 24 ಎಣಿಕಿ ತಪ್ಪಬಾರದು. ಇದು ಸರಾಗ ಬಂದ ದಿನ ಆಫ್ರಿಕಾದ ತಾಳಕ್ಕ ನಿನ್ನ ಕಿವಿ ತೆರೀತಂತ ತಿಳಕೋ.

ಘಾನಾ, ಟೋಗೋದ ಎವೆ ಜನರ ಮ್ಯಾಳದಾಗ ಗಂಕೋಗಿ ಅಂತ ಕಬ್ಬಿಣದ ಜೋಡಿ ಗಂಟಿ ಐತಿ. ಅದರ ಸುತ್ತು ಭಾಳ ಸಲ 12ರದ್ದು. ಅದರ ಮ್ಯಾಲ ಒಂದ ಡೋಲು ನಾಕರ ನಡಿಗಿ ಹಿಡಿತೈತಿ, ಇನ್ನೊಂದು ಆರರದ್ದು, ಒಬ್ಬೊಬ್ಬರ ಪೆಟ್ಟು ಒಂದೊಂದು ಕಡೆ ಶುರು ಆಕ್ಕೈತಿ. ನಮ್ಮ ಏಕತಾಲಾನೂ 12 ಮಾತ್ರಾನ. ಹಂಗಂತ ಗಂಟಿಯ ಸುತ್ತಿನ ಮ್ಯಾಲ ಧಾಗೆ ತಿರಕಿಟ ಒಗದು ಫ್ಯೂಜನ್ ಮಾಡೀನಿ ಅನ್ನಬ್ಯಾಡ. ಆರು ತಿಂಗಳು ಬರೇ ಆ ಗಂಟಿ ಬಾರಿಸು. ಬ್ಯಾಸರ ಆಕ್ಕೈತಿ, ಆಗ್ಲಿ.

ಕೈ ಕಾಪಾಡಿಕೋ. ತಬಲಾದಾಗ ಬೆರಳಿನ ಕೆಲಸ ಹೆಚ್ಚು. ಜೆಂಬೆದ ಪೆಟ್ಟು ತೋಳಿಂದ ಇಳೀಬೇಕು. ಮುಂಗೈ ಬಿಗಿ ಹಿಡಿದು ಬಾರಿಸಿದ್ರ ಎರಡೂ ಕೈ ಕೆಡತಾವ. ಉಂಗುರ ತಗದಿಡು. ಸಣ್ಣ ಖೋಲ್ಯಾಗ ಬಾರಿಸಿದ್ರ ಕಿವ್ಯಾಗ ಹತ್ತಿ ಇಟ್ಟರ ಸಾಲೂದಿಲ್ಲ, ಇಯರ್‌ಪ್ಲಗ್ ತರಸಿಕೋ. ಹುಡುಗಿ ಕೈಗೆ ಇದು ತಡೀತದೇನು ಅಂತ ಯಾರರ ಅಂದ್ರ ಸುಕನ್ಯಾ ರಾಮಗೋಪಾಲ್ ಅವರ ಹೆಸರು ಹೇಳು. ಘಟಂ ಕಲೀತೀನಿ ಅಂದಾಗ ವಿಕ್ಕು ವಿನಾಯಕರಾಂ ಅವರ ಅನಮಾನಿಸಿದ್ರು. ವಿನಾಯಕರಾಂ ಅವರ ತಂದಿ ಹರಿಹರ ಶರ್ಮಾ ಕಲಿಸಿದ್ರು. ಸುಕನ್ಯಾ ಬೆಂಗಳೂರಿಗೆ ಬಂದು ನೆಲಿಸಿ, ಶ್ರುತಿ ಬ್ಯಾರೆ ಬ್ಯಾರೆ ಇರೂ ಘಟಗಳನ್ನ ಸಾಲಾಗಿ ಇಟ್ಟು ಘಟತರಂಗ ನುಡಿಸಿದ್ರು. ಹೆಣ್ಣುಮಕ್ಕಳದ ಒಂದು ತಾಳವಾದ್ಯ ತಂಡಾನೂ ಕಟ್ಟಿದ್ರು. ನೀ ತರಬೇಕಂತಿರೂ ಊಡುನೂ ಮಣ್ಣಿನ ಗಡಗೀನ. ನೈಜೀರಿಯಾದ ಇಗ್ಬೋ ಹೆಣ್ಣುಮಕ್ಕಳ ವಾದ್ಯ ಅದು.

ಹೊಟ್ಟಿಪಾಡಿನ ಮಾತು. ಕಛೇರಿ ನಂಬಿ ಕುಂದರಬ್ಯಾಡ, ಕಲಿಸೂದನ್ನ ಕಸುಬು ಮಾಡಿಕೋ. ಗಿನಿ ದೇಶದ ಬಲಂಡುಗು ಅನ್ನೋ ಹಳ್ಳ್ಯಾಗ ಹುಟ್ಟಿದ ಮಾಮಾದಿ ಕೇಟಾ ಬ್ರಸೆಲ್ಸ್‌ನಾಗ ಶಾಲಿ ತಗದು ಜೆಂಬೆ ಕಲಿಸಿದ್ರು. ಊರ ಬಿಟ್ಟು ಹೋದ್ರೂ ಯಾವ ತಾಳ ಯಾವ ಹೊತ್ತಿಗೆ, ಯಾವ ಕೆಲಸಕ್ಕ ಅನ್ನೂದನ್ನ ಬಿಟ್ಟು ಕಲಿಸಲಿಲ್ಲ. ‘ಕಸ್ಸಾ’ ಅಂದ್ರ ಹೊಲದ ಕೆಲಸದ್ದು, ಅದನ್ನ ತಿಳೀದ ಬಾರಿಸಿದ್ರ ಅದು ಬರೇ ಸಪ್ಪಳ. ಬೆಂಗಳೂರಾಗ ಕಂಪನಿಗಳು ಕರಸೂ ಡ್ರಮ್ ಸರ್ಕಲ್‌ಗೆ ಹೋಗು, ರೊಕ್ಕ ಕೊಡತಾರ, ಮಂದಿನೂ ಖುಷಿ ಪಡತಾರ. ಅದನ್ನ ಪಾಠ ಅನ್ನಬ್ಯಾಡ, ಅಷ್ಟ.

ಇನ್ನೊಂದು ಮಾತು, ಇದು ನಿಂಗ ಕಹಿ ಹತ್ತಬಹುದು. ಕಸ್ಸಾ ಯಾವ ಹೊತ್ತಿಂದು ಅಂತ ಗೂಗಲ್‌ನಾಗ ಹುಡುಕ್ತೀ, ಅಲಾಯಿ ಕುಣಿತದಾಗ ಹೆಜ್ಜಿ ಬದಲಾದಾಗ ಹಲಗಿ ಪೆಟ್ಟು ಹೆಂಗ ತಿರಗತೈತಿ ಅಂತ ಹೇಳು ನೋಡೋಣು. ಬೀರಪ್ಪನ ಮುಂದಿನ ಡೊಳ್ಳು, ಕರಡಿ ಮಜಲಿನ ಕರಡಿ, ಎಲ್ಲಮ್ಮನ ಜೋಗತಿಯರ ಚೌಡಿಕಿ, ಇವೆಲ್ಲಾ ಜಗತ್ತಿನ ವಾದ್ಯನ ಅಲ್ಲೇನು? ಜೆಂಬೆ ಕಲಿಸಾಂವಗ ಸಾವಿರಗಟ್ಟಲೆ ಫೀ ಕೊಟ್ಟು ಮಾಸ್ತರ ಅಂತೀವಿ. ನಮ್ಮೂರಿನ ಹಲಗಿಯವರನ್ನ ಹೆಣಕ್ಕೂ ಮದವಿಗೂ ಕರಸಿ, ಬಾಗಲ ಹೊರಗ ನಿಂದ್ರಿಸಿ, ಕೈಗೆ ಚಿಲ್ಲರ ಹಾಕಿ ಕಳಸತೀವಿ. ಅವರ ಕೈಯಾಗಿನ ಲಯ ಕೀಳಂತ ಅಲ್ಲ, ಅವರ ಜಾತಿ ನೋಡಿ. ಆಫ್ರಿಕಾದ ಚರ್ಮ ಎತ್ತರಕ್ಕ ಇಟ್ಟು ನಮ್ಮ ಕೇರಿಯ ಚರ್ಮ ಮೂಲಿಗಿಟ್ಟರ ನೀ ಎಷ್ಟ ದೇಶ ಸುತ್ತಿದ್ರೂ ನನಗೇನೂ ಹೆಮ್ಮಿ ಇಲ್ಲ.

ನಿಂಗ ಹಲಗಿ ಕಲಿಸಾಕ ಕೇರಿಯ ಹಿರಿಯರೊಬ್ಬರ ಜೋಡಿ ಮಾತಾಡೀನಿ. ಸುಗ್ಗಿ ಮುಗಿದ ಮ್ಯಾಲ ಸಂಜಿಗೆ ಬಿಡುವು ಅದ ಅಂದ್ರು. ಅವರ ಮನಿಗೆ ನೀನ ಹೋಗು, ಅವರನ್ನ ನಿಮ್ಮನಿಗೆ ಕರಸಬ್ಯಾಡ. ಫೀ ಎಷ್ಟಂತ ಮೊದಲ ಕೇಳು, ಚೌಕಾಶಿ ಮಾಡಬ್ಯಾಡ, ಮತ್ತ ಜೆಂಬೆ ತಗೊಂಡು ಹೋಗಬ್ಯಾಡ.